ಬದನೆ ಹೊಲಕ್ಕೆ ಗುಂಗಿ ಹುಳ ವಾಪಸ್ ಬಂದದ್ದು

ನಮ್ಮ ದನದ ಕೊಟ್ಟಿಗೆಯ ತೊಲೆಯಲ್ಲಿ ಒಂದು ಕಾಲಕ್ಕೆ ಗುಂಗಿ ಹುಳ ಕೊರೆದ ಹತ್ತಾರು ತೂತುಗಳಿದ್ದವು. ಕಿರುಬೆರಳು ತೂರುವಷ್ಟು ಅಗಲ, ಡ್ರಿಲ್ ಹಾಕಿ ಕೊರೆದಷ್ಟು ಗುಂಡಗೆ. ಬೆಳಿಗ್ಗೆ ಎದ್ದರೆ ಕೆಳಗೆ ಕಟ್ಟಿಗೆ ಹಿಟ್ಟು ಉದುರಿರುತ್ತಿತ್ತು. ತೊಲೆ ಮುರಿದು ಎತ್ತಿನ ಮೇಲೆ ಬೀಳುತ್ತದೆ ಅಂತ ಅಪ್ಪನಿಗೆ ಹೆದರಿಕೆ. ಒಂದು ಬೇಸಿಗೆಯಲ್ಲಿ ನನ್ನ ಕೈಗೆ ಸೀಮೆಎಣ್ಣೆ ಡಬ್ಬಿ ಕೊಟ್ಟು, "ಎಲ್ಲಾ ತೂತಿಗೂ ಹಾಕು, ಮ್ಯಾಲ ಸಿಮೆಂಟ್ ಮೆತ್ತು" ಅಂದ. ನಾನು ಒಂದನ್ನೂ ಬಿಡಲಿಲ್ಲ. ಆಗ ನನಗೆ ಹದಿನಾರು ವರ್ಷ. ಈಗ ಅವೇ ಹುಳಗಳನ್ನು ವಾಪಸ್ ಕರೆಸಲು ಎರಡು ವರ್ಷ ಒದ್ದಾಡಿದ್ದೇನೆ.

ನಮ್ಮ ಹೊಲ ಕೊಪ್ಪಳ ಜಿಲ್ಲೆಯ ಕುಷ್ಟಗಿ ತಾಲ್ಲೂಕಿನಲ್ಲಿದೆ. ಬೋರಿನ ನೀರು ಸಾಲುವುದು ಒಂದೂವರೆ ಎಕರೆಗೆ. ಅಲ್ಲಿ ಬದನೆ, ಟೊಮೆಟೊ. ಉಳಿದದ್ದೆಲ್ಲ ಮಳೆ ನಂಬಿದ ತೊಗರಿ, ಸಜ್ಜೆ. ಮೂರು ವರ್ಷದ ಹಿಂದೆ ಬದನೆ ಗಿಡ ಮೈತುಂಬ ಹೂ ಬಿಟ್ಟಿತ್ತು, ಕಾಯಿ ಮಾತ್ರ ಕಡಿಮೆ. ಬಂದ ಕಾಯಲ್ಲೂ ಅರ್ಧ ಸೊಟ್ಟ, ಗಿಡ್ಡ. ಅಂಗಡಿಯವನು ಹೂ ಉದುರದ ಹಾಗೆ ಒಂದು ಟಾನಿಕ್ ಕೊಟ್ಟ. ಹೊಡೆದೆ. ಹೂ ಉದುರುತ್ತಲೇ ಇತ್ತು.

ಆಮೇಲೆ ಮೊಬೈಲಿನಲ್ಲಿ ಒಂದು ವಿಡಿಯೋ ನೋಡಿದೆ. ಹೊರದೇಶದ ಪಾಲಿಹೌಸ್. ಟೊಮೆಟೊ ಸಾಲಿನ ನಡುವೆ ರಟ್ಟಿನ ಡಬ್ಬಿ, ಅದರೊಳಗಿಂದ ಕೂದಲು ಮೈಯ ದಪ್ಪ ದುಂಬಿಗಳು ಹೊರಡುತ್ತಿವೆ. ಅದೇ ಬಂಬಲ್‌ಬೀ. ಹೂವಿನ ಪರಾಗ ಉದುರಿಸಿ ಕಾಯಿ ಕಟ್ಟಿಸಲು ಯುರೋಪಿನಲ್ಲಿ 1980ರ ದಶಕದ ಕೊನೆಯಿಂದ ಅವನ್ನು ಸಾಕಿ ಡಬ್ಬಿ ಲೆಕ್ಕದಲ್ಲಿ ಮಾರುತ್ತಾರೆ. ಒಂದು ಡಬ್ಬಿ ತರಿಸಿಬಿಡೋಣ ಅನ್ನಿಸಿತು. ಸ್ವಲ್ಪ ಓದಿದ ಮೇಲೆ ಆಸೆ ಇಳಿಯಿತು. ಅವು ತಂಪು ನಾಡಿನವು. ನಮ್ಮ ದೇಶದಲ್ಲೂ ಹಿಮಾಲಯ, ಈಶಾನ್ಯದ ಗುಡ್ಡಗಳಲ್ಲಿ ಇವೆ. ಏಪ್ರಿಲ್‌ನಲ್ಲಿ ನಲವತ್ತು ಡಿಗ್ರಿ ದಾಟುವ ನಮ್ಮೂರಿಗೆ ಬಂದು ಏನು ಮಾಡಿಯಾವು?

ಅದಕ್ಕಿಂತ ಜಾಸ್ತಿ ಹೆದರಿಸಿದ್ದು ಚಿಲಿ ದೇಶದ ಕಥೆ. 1990ರ ದಶಕದ ಕೊನೆಗೆ ಅಲ್ಲಿನವರು ಬೆಳೆಗಾಗಿ ಯುರೋಪಿನ ಬಂಬಲ್‌ಬೀ ತರಿಸಿಕೊಂಡರು. ಅವು ಗಡಿ ದಾಟಿ ಅರ್ಜೆಂಟಿನಾಕ್ಕೂ ಹಬ್ಬಿದವು. ಅಲ್ಲಿನದೇ ಆದ, ಕಿತ್ತಳೆ ಬಣ್ಣದ, ಜಗತ್ತಿನಲ್ಲೇ ಅತಿ ದೊಡ್ಡ ಬಂಬಲ್‌ಬೀ ಒಂದಿದೆ. ಹೊಸಬರು ಹೋದ ಕಡೆಯೆಲ್ಲ ಅದು ಕಾಣೆಯಾಗುತ್ತಾ ಬಂತು. ಮೇವಿನ ಪೈಪೋಟಿ ಒಂದು, ಹೊಸಬರು ಹೊತ್ತು ತಂದ ರೋಗ ಇನ್ನೊಂದು. ಅಮೆರಿಕದಲ್ಲೂ ಬೆನ್ನ ಮೇಲೆ ತುಕ್ಕು ಬಣ್ಣದ ಮಚ್ಚೆ ಇರುವ ಬಂಬಲ್‌ಬೀಯನ್ನು 2017ರಲ್ಲಿ ಅಳಿವಿನ ಅಂಚಿನ ಪಟ್ಟಿಗೆ ಸೇರಿಸಿದರು. ಇವೆಲ್ಲ ಓದುವಾಗ ನಮ್ಮ ಕೊಟ್ಟಿಗೆ ತೊಲೆ ನೆನಪಾಯಿತು. ನಾನು ಸಿಮೆಂಟ್ ಮೆತ್ತಿ ಮುಚ್ಚಿದ್ದೂ ಇದೇ ಕೆಲಸ ಮಾಡುವ ಹುಳವನ್ನೇ ಅಲ್ವಾ?

ನಮ್ಮ ಕಡೆ ಗುಂಯ್‌ಗುಡುವ ಎಲ್ಲದಕ್ಕೂ ಗುಂಗಿ ಹುಳ ಅಂತಾರೆ, ಸಗಣಿ ಉರುಳಿಸುವುದಕ್ಕೂ ಅದೇ ಹೆಸರು. ನಾನು ಹೇಳುತ್ತಿರುವುದು ಜೇನಿನ ಬಳಗದ, ಮರ ಕೊರೆಯುವ ದುಂಬಿ. ಹೆಬ್ಬೆರಳಿನ ಉಗುರಿಗಿಂತ ದೊಡ್ಡದು. ಕೆಲವು ಪೂರ್ತಿ ಕಪ್ಪು, ಬಿಸಿಲಿಗೆ ರೆಕ್ಕೆ ನೀಲಿ ಹೊಳೆಯುತ್ತದೆ. ಕೆಲವಕ್ಕೆ ಹೆಗಲ ಮೇಲೆ ಅರಿಶಿನ ಬಣ್ಣದ ಕೂದಲು.

ಬದನೆಗೆ ಇವೇ ಯಾಕೆ ಬೇಕು ಅನ್ನುವುದನ್ನು ಹೂ ಕಿತ್ತು ನೋಡಿದರೆ ಗೊತ್ತಾಗುತ್ತದೆ. ನಡುವೆ ಹಳದಿ ಕೋಡುಗಳು ಒತ್ತೊತ್ತಾಗಿ ನಿಂತಿರುತ್ತವೆ. ಪರಾಗ ಇರುವುದು ಅವುಗಳ ಒಳಗೆ. ಹೊರಗೆ ಬರಲು ತುದಿಯಲ್ಲಿ ಸೂಜಿಮೊನೆಯಷ್ಟು ತೂತು, ಅಷ್ಟೇ. ಉಪ್ಪಿನ ಡಬ್ಬಿಯನ್ನು ಕುಲುಕಿದ ಹಾಗೆ ಕುಲುಕಿದರೆ ಮಾತ್ರ ಪುಡಿ ಬೀಳುತ್ತದೆ. ಜೇನುನೊಣಕ್ಕೆ ಈ ವಿದ್ಯೆ ಬರುವುದಿಲ್ಲ. ಹಾಗಾಗಿ ಪೆಟ್ಟಿಗೆ ಜೇನು ಇಟ್ಟರೂ ಬದನೆಗೆ ಅಂಥ ಲಾಭ ಇಲ್ಲ. ಗುಂಗಿ ಹುಳ ಬಂದರೆ ಹೂವನ್ನು ಅಪ್ಪಿ ಹಿಡಿದು, ರೆಕ್ಕೆ ಬಡಿಯದೆ, ಒಳಗಿನ ಮಾಂಸಖಂಡವನ್ನಷ್ಟೇ ನಡುಗಿಸುತ್ತದೆ. ಹಾರುವಾಗ "ಗುಂಯ್" ಅಂತಿದ್ದ ಸದ್ದು, ಹೂವಿಗೆ ಕೂತ ಕೂಡಲೇ ಸಣ್ಣಗಾಗಿ "ಝೀಂ" ಅನ್ನುತ್ತದೆ. ಒಂದು ಸೆಕೆಂಡ್, ಎರಡು ಸೆಕೆಂಡ್. ಎದ್ದು ಹೋಗುವಾಗ ಹೊಟ್ಟೆಗೆಲ್ಲ ಹಳದಿ ಪುಡಿ. ಬಂಬಲ್‌ಬೀ ಟೊಮೆಟೊ ಹೂವಿಗೆ ಮಾಡುವುದೂ ಇದನ್ನೇ.

ಸುಮ್ನೆ ನಂಬುವುದು ಬೇಡ ಅಂತ ಒಂದು ಸಾಲಿನಲ್ಲಿ ಇಪ್ಪತ್ತು ಮೊಗ್ಗಿಗೆ ಹಳೆ ಸೊಳ್ಳೆ ಪರದೆ ಕತ್ತರಿಸಿ ಚೀಲ ಕಟ್ಟಿದೆ, ಪಕ್ಕದ ಇಪ್ಪತ್ತಕ್ಕೆ ಬರೀ ಕೆಂಪು ದಾರ. ಮುಚ್ಚಿದವೂ ಕಾಯಿ ಕಟ್ಟಿದವು, ಯಾಕೆಂದರೆ ಬದನೆ ಗಾಳಿಗೆ ಅಲುಗಾಡಿ ತನ್ನಷ್ಟಕ್ಕೂ ಸ್ವಲ್ಪ ಕಾಯಿ ಹಿಡಿಯುತ್ತದೆ. ಆದರೆ ಕಡಿಮೆ, ಸಣ್ಣವು. ಕೊಯ್ದು ನೋಡಿದರೆ ಬೀಜ ವಿರಳ.

ಇನ್ನೊಂದು ಪಾಠ ಅಲ್ಲೇ ಸಿಕ್ಕಿತು. ಬದನೆಯಲ್ಲಿ ಎಲ್ಲ ಹೂವೂ ಕಾಯಾಗುವುದಿಲ್ಲ. ಹಳದಿ ಕೋಡುಗಳ ನಡುವಿನಿಂದ ಹಸಿರು ಕಡ್ಡಿ ಉದ್ದಕ್ಕೆ ಹೊರಗೆ ಬಂದಿದ್ದರೆ ಅದು ಕಾಯಿ ಕಟ್ಟುವ ಹೂ. ಕಡ್ಡಿ ಒಳಗೇ ಅಡಗಿದ್ದರೆ ಉದುರುವ ಹೂ, ದುಂಬಿ ಬಂದರೂ ಅಷ್ಟೇ, ಟಾನಿಕ್ ಹೊಡೆದರೂ ಅಷ್ಟೇ. ಆ ಟಾನಿಕ್ಕಿಗೆ ಎಷ್ಟು ದುಡ್ಡು ಸುರಿದೆ ಅಂತ ಹೆಂಡತಿಗೆ ಇನ್ನೂ ಹೇಳಿಲ್ಲ.

ಸರಿ, ಹುಳಕ್ಕೆ ಮನೆ ಮಾಡಬೇಕು. ಮೊದಲ ವರ್ಷ ಬಿದಿರು ತಂದು, ಗೇಣುದ್ದ ಕತ್ತರಿಸಿ, ಕಟ್ಟು ಕಟ್ಟಿ ಬೇವಿನ ಮರಕ್ಕೆ ನೇತುಹಾಕಿದೆ. ಒಂದೂ ಬರಲಿಲ್ಲ. ಎರಡು ತಪ್ಪು ಮಾಡಿದ್ದೆ. ಎರಡೂ ಬಾಯಿ ತೆರೆದಿದ್ದವು. ಒಂದು ಕಡೆ ಗೆಣ್ಣು ಉಳಿಸಿ ಕತ್ತರಿಸಬೇಕಿತ್ತು. ಮತ್ತೆ ಗಾಳಿಗೆ ಉಯ್ಯಾಲೆ ಆಡುತ್ತಿತ್ತು. ತೂಗಾಡುವ ಮನೆಯಲ್ಲಿ ಯಾರು ಮೊಟ್ಟೆ ಇಡುತ್ತಾರೆ? ಮಳೆಗೆ ನೆನೆದು ಬೂಸ್ಟು ಬಂತು, ಇರುವೆ ಸೇರಿಕೊಂಡವು.

ಎರಡನೇ ವರ್ಷ ಗೆಣ್ಣು ಬಿಟ್ಟು ಕತ್ತರಿಸಿದ ಬಿದಿರನ್ನು ಪಂಪ್‌ಸೆಟ್ ಶೆಡ್ಡಿನ ಸೂರಿನ ಕೆಳಗೆ, ಮಳೆ ತಾಗದ ಕಡೆ, ತಂತಿಯಿಂದ ಬಿಗಿದೆ. ಮುಖ ಮೂಡಣಕ್ಕೆ. ಬದುವಿನಲ್ಲಿ ಹೂ ಬಿಟ್ಟು ಒಣಗಿದ್ದ ಕತ್ತಾಳೆ ಕಂಬಗಳನ್ನೂ ಕಡಿದು ತಂದು ಪಕ್ಕಕ್ಕೆ ಕಟ್ಟಿದೆ. ಕತ್ತಾಳೆ ಜೀವನದಲ್ಲಿ ಒಂದೇ ಸಲ ಹೂ ಬಿಡುತ್ತದೆ, ಆಮೇಲೆ ಸಾಯುತ್ತದೆ. ಆ ಕಂಬದ ಒಳಗೆಲ್ಲ ಮೆತ್ತನೆ ತಿರುಳು. ಬಿದಿರಿಗಿಂತ ಮೊದಲು ಅದಕ್ಕೇ ಹುಳ ಬಂದಿತು. ಫೆಬ್ರವರಿ ಕೊನೆಯಲ್ಲಿ ಒಂದು ಬೆಳಿಗ್ಗೆ ಶೆಡ್ಡಿನ ಕಟ್ಟೆ ಮೇಲೆ ಕಟ್ಟಿಗೆ ಹಿಟ್ಟು ಕಂಡೆ. ಮೇಲೆ ನೋಡಿದರೆ ಕಂಬದಲ್ಲಿ ಒಂದು ಗುಂಡು ತೂತು, ಒಳಗಿಂದ ಕರಕರ ಸದ್ದು. ಅಪ್ಪನನ್ನು ಕರೆದು ತೋರಿಸಿದೆ. "ಅವನ್ನ ಓಡ್ಸಾಕ ಒಂದು ಕಾಲ, ಕರ್ಸಾಕ ಒಂದು ಕಾಲ" ಅಂದು ಬೀಡಿ ಹಚ್ಚಿದ.

ಮಳೆಗಾಲದಲ್ಲಿ ಹುಳ ಬಿಟ್ಟುಹೋದ ಒಂದು ಕಂಬ ಸೀಳಿದೆ. ಒಳಗೆ ಸಾಲಾಗಿ ಕೋಣೆಗಳು, ನಡುವೆ ಕಟ್ಟಿಗೆ ಹಿಟ್ಟನ್ನು ಎಂಜಲಲ್ಲಿ ಕಲಸಿ ಮಾಡಿದ ಗೋಡೆ. ಒಂದು ಕೋಣೆ ಕೆಟ್ಟು ನಿಂತಿತ್ತು: ಕಡಲೆಹಿಟ್ಟಿನ ಉಂಡೆಯಂಥ ಪರಾಗದ ಮುದ್ದೆ, ಅದರ ಮೇಲೆ ಒಣಗಿದ ಬಾಗಿದ ಮೊಟ್ಟೆ. ಅಕ್ಕಿ ಕಾಳಿಗಿಂತ ಉದ್ದ! ಇಷ್ಟು ದೊಡ್ಡ ಮೊಟ್ಟೆ ಇಟ್ಟರೆ ಎಷ್ಟು ಇಟ್ಟೀತು? ಜೇನಿನ ರಾಣಿ ದಿನಕ್ಕೆ ಸಾವಿರದ ಮೇಲೆ ಇಡುತ್ತದೆ. ಇದು ಒಂದು ಗೂಡಿಗೆ ಬೆರಳೆಣಿಕೆಯಷ್ಟು. ನಾನು ಅವತ್ತು ಮುಚ್ಚಿದ ಒಂದೊಂದು ತೂತೂ ಒಂದು ಇಡೀ ಸಂಸಾರ. ಮತ್ತೆ ಹೆಚ್ಚಲು ವರ್ಷಗಟ್ಟಲೆ ಬೇಕು.

ಮನೆ ಕಟ್ಟಿದರೆ ಸಾಲದು, ಊಟವೂ ಬೇಕು. ಬದನೆ ಹೂವಿನಲ್ಲಿ ಮಕರಂದ ಇಲ್ಲ, ಬರೀ ಪರಾಗ. ಸಿಹಿಗೆ ಬೇರೆ ಕಡೆ ಹೋಗಬೇಕು. ಬದುವಿನ ಎಕ್ಕೆ, ಹೊಂಗೆ, ತೊಗರಿ ಹೂ ಅದಕ್ಕೆ ಆಯಿತು. ಬದು ಅಗಲ ಮಾಡಲು ಜೆಸಿಬಿ ಬಂದಾಗ ಎಕ್ಕೆ, ತಂಗಡಿ ಇರುವ ಒಂದು ಮಗ್ಗುಲು ಬಿಡಿಸಿಕೊಂಡೆ. ಪಕ್ಕದ ಹೊಲದ ಕಾಕಾ, "ಎಕ್ಕಿ ಗಿಡಕ್ಕ ಯಾರಪಾ ಕಾವಲ ಇರ್ತಾರ?" ಅಂತ ನಕ್ಕರು.

ಕಷ್ಟದ ಭಾಗ ಔಷಧಿ. ಬದನೆಗೆ ಕುಡಿ ಮತ್ತು ಕಾಯಿ ಕೊರೆಯುವ ಹುಳದ ಕಾಟ ಗೊತ್ತಲ್ಲ, ಹೊಡೆಯದೆ ಇರುವುದು ಆಗದ ಮಾತು. ಆದರೆ ಹೇಗೆ ಹೊಡೆಯುತ್ತೇನೆ ಅನ್ನುವುದನ್ನು ಬದಲಿಸಿದೆ. ಬಾಡಿದ ಕುಡಿಯನ್ನು ಹುಳದ ಸಮೇತ ಚಿವುಟಿ ಸುಡುತ್ತೇವೆ. ಗಂಡು ಪತಂಗ ಹಿಡಿಯುವ ಲೂರ್ ಟ್ರ್ಯಾಪ್ ಹಾಕಿದ್ದೇನೆ. ಹೊಡೆಯಲೇಬೇಕಾದರೆ ಹೊತ್ತು ಮುಳುಗುವಾಗ, ಬೆಳಿಗ್ಗೆ ಅಲ್ಲ. ಇಮಿಡಾಕ್ಲೋಪ್ರಿಡ್, ಥಯಾಮೆಥಾಕ್ಸಾಮ್ ಜಾತಿಯ ಕೀಟನಾಶಕಗಳನ್ನು ಹೂ ಬಂದ ಮೇಲೆ ಮುಟ್ಟುವುದಿಲ್ಲ. ಅವು ಗಿಡದ ರಸದಲ್ಲಿ ಸೇರಿ ಪರಾಗದವರೆಗೆ ಹೋಗುತ್ತವೆ, ಸಂಜೆ ಹೊಡೆದರೂ ತಪ್ಪಿದ್ದಲ್ಲ. ಯುರೋಪಿನವರು ಇವನ್ನು ಬಯಲು ಬೆಳೆಗೆ 2018ರಲ್ಲೇ ನಿಲ್ಲಿಸಿದರು. ನನಗೆ ಇದರಿಂದ ಎರಡು ಕೊಯ್ಲಿನಲ್ಲಿ ಹುಳುಕು ಕಾಯಿ ಜಾಸ್ತಿಯೇ ಬಂತು, ಸುಳ್ಳು ಯಾಕೆ ಹೇಳಲಿ.

ಈ ವರ್ಷ ಶೆಡ್ಡಿನಲ್ಲಿ ಒಂಬತ್ತು ತೂತುಗಳಿವೆ. ಟೊಮೆಟೊ ಸಾಲಿನಲ್ಲಿ ಇನ್ನೊಂದು ಹುಳವೂ ಕಾಣುತ್ತಿದೆ, ಹೊಟ್ಟೆಗೆ ನೀಲಿ ಪಟ್ಟೆ ಇರುವ ಸಣ್ಣದು. ಅದೂ ಹೂವನ್ನು ನಡುಗಿಸುತ್ತದೆ. ಅದರ ಗೂಡು ಮಣ್ಣಿನ ಗೋಡೆಯಲ್ಲಿ. ಊರಲ್ಲಿ ಮಣ್ಣಿನ ಮಾಳಿಗೆ ಮನೆಗಳು ಒಂದೊಂದಾಗಿ ಆರ್‌ಸಿಸಿ ಆಗುತ್ತಿವೆ, ನಮ್ಮ ಹಿತ್ತಲಿನ ಹಳೆ ಗೋಡೆ ಉಳಿದಿದೆ. ಅದನ್ನು ಕೆಡವಬೇಡ ಅಂದರೆ ಅವ್ವ, "ಮಳಿಗಾಲದಾಗ ತಾನ ಬೀಳ್ತದ ಬಿಡು" ಅಂತಾಳೆ.

ಒಂದು ತಕರಾರು ಬಾಕಿ ಇದೆ. ಹುಳಗಳು ಈಗ ಶೆಡ್ಡಿನ ಬಾಗಿಲ ಚೌಕಟ್ಟನ್ನೂ ಕೊರೆಯಲು ಶುರುಮಾಡಿವೆ. ಬಣ್ಣ ಹೊಡೆದ ಮರವನ್ನು ಅವು ಸಾಮಾನ್ಯವಾಗಿ ಮುಟ್ಟುವುದಿಲ್ಲ. ಹಾಗಾಗಿ ಮುಂದಿನ ವಾರ ಚೌಕಟ್ಟಿಗೆ ಎರಡು ಕೋಟ್ ಪೇಂಟ್ ಹೊಡೆಯುತ್ತೇನೆ. ಕೊಟ್ಟಿಗೆ ತೊಲೆಗೆ ಮಾತ್ರ ಹೊಡೆಯುವುದಿಲ್ಲ. ಅಲ್ಲಿನ ಸಿಮೆಂಟನ್ನು ಮೊನ್ನೆ ಉಳಿಯಲ್ಲಿ ಒಂದೊಂದಾಗಿ ಕಿತ್ತು ತೆಗೆದೆ.