ಹೊರಗೆ ಹೋಗಬೇಕೆಂದು ನಾಯಿಯೇ ಗಂಟೆ ಬಾರಿಸಲಿ

ಮನೆಯೊಳಗೆ ಉಚ್ಚೆ ಹೊಯ್ಯುವ ನಾಯಿಯನ್ನು ಹಟಮಾರಿ ಎನ್ನಬೇಡಿ. ಬಹಳ ಸಲ ಅದು ಮೊದಲೇ ಹೇಳಿರುತ್ತದೆ, ನಮ್ಮ ಗಮನಕ್ಕೆ ಬಂದಿರುವುದಿಲ್ಲ. ಆಡುತ್ತಿದ್ದ ಮರಿ ಥಟ್ಟನೆ ಆಟ ಬಿಟ್ಟು, ಮೂತಿಯನ್ನು ನೆಲಕ್ಕೆ ತಾಗಿಸಿ ಮೂಸುತ್ತ ಒಂದೇ ಜಾಗವನ್ನು ಸುತ್ತತೊಡಗಿದರೆ ಅದಕ್ಕೆ ಅವಸರವಾಗಿದೆ ಎಂದೇ ಅರ್ಥ. ನಾವು ಬೇರೆ ಕೋಣೆಯಲ್ಲಿದ್ದರೆ ಇದು ಕಾಣುವುದಿಲ್ಲ. ಅಲ್ಲಿಗೂ ಕೇಳುವ ಸೂಚನೆಯೊಂದು ಬೇಕು. ಬೊಗಳುವುದನ್ನು ಕಲಿಸಬಹುದು, ಆದರೆ ನಾಯಿ ಹತ್ತಾರು ಕಾರಣಕ್ಕೆ ಬೊಗಳುತ್ತದೆ. ಬಾಗಿಲು ಕೆರೆಯುವುದನ್ನು ಕಲಿತರೆ ಬಾಗಿಲೇ ಹಾಳು. ಹಾಗಾಗಿ ನನ್ನ ಆಯ್ಕೆ ಗಂಟೆ.

ಗಂಟೆ ನಾಯಿ ನುಂಗುವಷ್ಟು ಚಿಕ್ಕದಿರಬಾರದು. ಸೀಳಿರುವ ಗೆಜ್ಜೆಯೂ ಬೇಡ, ಅದರಲ್ಲಿ ಉಗುರು ಸಿಕ್ಕಿಕೊಳ್ಳಬಹುದು.

ಮೊದಲು ಬಾಗಿಲಿನ ಗೊಡವೆಯೇ ಬೇಡ. ಗಂಟೆಯನ್ನು ಕೈಯಲ್ಲಿ ಹಿಡಿದು ನಾಯಿಯ ಮೂತಿಯ ಹತ್ತಿರ ತನ್ನಿ. ಕುತೂಹಲದಿಂದ ಅದು ಮೂಸುತ್ತದೆ, ಒದ್ದೆ ಮೂಗು ತಾಗಿ ಗಂಟೆ ಮೆಲ್ಲನೆ ಕಿಣಿ ಎನ್ನುತ್ತದೆ. ಆ ಗಳಿಗೆಯಲ್ಲೇ ‘ಭೇಷ್’ ಎಂದು ಚೂರು ತಿನಿಸು ಕೊಡಿ. ಒಂದೆರಡು ಸೆಕೆಂಡು ತಡವಾದರೂ ತಿನಿಸು ಯಾವುದಕ್ಕೆ ಸಿಕ್ಕಿತೆಂದು ಅದಕ್ಕೆ ತಿಳಿಯದೆ ಹೋಗಬಹುದು. ಸದ್ದಿಗೆ ಬೆದರಿದರೆ ಗಂಟೆಯ ನಾಲಿಗೆಗೆ ಬಟ್ಟೆ ಸುತ್ತಿ, ದಿನ ಕಳೆದಂತೆ ಸಡಿಲಿಸಿ. ಒಮ್ಮೆಗೆ ಐದು ನಿಮಿಷದ ಅಭ್ಯಾಸ ಸಾಕು. ಕಾಲು ಹಿಡಿದು ಗಂಟೆಗೆ ಬಡಿಸುವುದು ಮಾತ್ರ ಖಂಡಿತ ಕೂಡದು. ಅದರಿಂದ ನಾಯಿ ಕಲಿಯುವುದು ಗಂಟೆಯಿಂದ ದೂರ ಇರುವುದನ್ನೇ.

ತಪ್ಪದೆ ಮುಟ್ಟತೊಡಗಿದ ಮೇಲೆ ಗಂಟೆಯನ್ನು ಬಾಗಿಲಿಗೆ, ಮೂಗಿನ ಎತ್ತರಕ್ಕೆ ತೂಗುಹಾಕಿ.

ನಿಜವಾದ ಪಾಠ ಶುರುವಾಗುವುದು ಇಲ್ಲಿಂದ. ಹೊರಗೆ ಕರೆದೊಯ್ಯುವಾಗಲೆಲ್ಲ ಬಾಗಿಲ ಬಳಿ ನಿಂತು ಗಂಟೆ ತೋರಿಸಿ. ಮುಟ್ಟಿದೊಡನೆ ಬಾಗಿಲು ತೆರೆಯಲಿ. ಈಗ ತಿನಿಸು ಗಂಟೆಗಲ್ಲ, ಹೊರಗೆ ಕೆಲಸ ಮುಗಿಸಿದ್ದಕ್ಕೆ, ಅಲ್ಲಿಯೇ. ಮನೆಯವರೆಲ್ಲರೂ ಹೀಗೆಯೇ ನಡೆದುಕೊಳ್ಳಬೇಕು. ನಾಯಿ ಮೊದಲ ಬಾರಿ ತಾನಾಗಿ ಬಾರಿಸಿದಾಗ ಕೈಯಲ್ಲಿರುವುದನ್ನು ಬಿಟ್ಟು ಓಡಿ. ಆ ಕರೆಗೆ ಓಗೊಡದಿದ್ದರೆ ಇಷ್ಟು ದಿನದ ಶ್ರಮ ನೀರಿನಲ್ಲಿ ಹೋಮ.

ಕೆಲವು ನಾಯಿಗಳು ಬರೀ ಆಟಕ್ಕಾಗಿಯೂ ಬಾರಿಸತೊಡಗುತ್ತವೆ. ಬೇಸರಪಟ್ಟು ಗಂಟೆ ಕಿತ್ತುಹಾಕಬೇಡಿ. ಹಗ್ಗ ಕಟ್ಟಿ ಪ್ರತಿಸಲವೂ ಅದೇ ಜಾಗಕ್ಕೆ ಕರೆದೊಯ್ದು ಐದು ನಿಮಿಷ ಸುಮ್ಮನೆ ನಿಲ್ಲಿ. ಏನೂ ಮಾಡದಿದ್ದರೆ ಒಳಗೆ ಕರೆತನ್ನಿ. ಆಟಕ್ಕೆ ಬೇರೆ ಸಮಯ ಕೊಡಿ, ಅದೂ ಅದಕ್ಕೆ ಬೇಕು.

ಗಂಟೆ ಬಂತೆಂದು ವೇಳಾಪಟ್ಟಿ ಬಿಡುವಂತಿಲ್ಲ. ನಿದ್ದೆಯಿಂದ ಎದ್ದಾಗ, ಉಂಡ ಮೇಲೆ, ಆಟ ಮುಗಿದಾಗ ಮರಿಯನ್ನು ನೀವೇ ಕರೆದೊಯ್ಯಿರಿ. ವಯಸ್ಸು ಎಷ್ಟು ತಿಂಗಳೋ ಹಗಲಲ್ಲಿ ಹೆಚ್ಚೆಂದರೆ ಅಷ್ಟು ಗಂಟೆ ತಡೆದುಕೊಂಡೀತು ಎಂಬುದು ಎಳೆಯ ಮರಿಗಳ ಮಟ್ಟಿಗೆ ಒಂದು ಅಂದಾಜು.

ಒಳಗೆ ಮಾಡಿಕೊಂಡರೆ ಬೈಯಬೇಡಿ, ಮೂತಿ ಉಜ್ಜಬೇಡಿ. ಹೆದರಿದ ನಾಯಿ ಮುಂದಿನ ಸಲ ಮಂಚದ ಹಿಂದೆ ಹೋಗಿ ಮಾಡುತ್ತದೆ. ಒರೆಸಲು ಅಮೋನಿಯಾ ಇರುವ ದ್ರಾವಣ ಬಳಸಬೇಡಿ, ಅದರ ವಾಸನೆ ಮೂತ್ರವನ್ನೇ ಹೋಲುತ್ತದೆ. ಚೆನ್ನಾಗಿ ಕಲಿತಿದ್ದ ನಾಯಿ ಇದ್ದಕ್ಕಿದ್ದಂತೆ ಮತ್ತೆಮತ್ತೆ ಗಂಟೆ ಬಾರಿಸಿದರೆ, ಹೊರಗೆ ತಿಣುಕಿ ಹನಿಹನಿಯಾಗಿ ಮಾಡಿದರೆ ಮೂತ್ರನಾಳದ ಸೋಂಕು ಇರಬಹುದು, ಪಶುವೈದ್ಯರಿಗೆ ತೋರಿಸಿ. ಒಂದು ಹನಿಯೂ ಬಾರದಿದ್ದರೆ ಆ ಕ್ಷಣವೇ ಹೊರಡಿ.