ಟೆಕ್ಸಸ್‌ನಲ್ಲಿ ಮನೆ ಕಂದಾಯ: ಆ ದುಡ್ಡು ಯಾರಿಗೆ ಹೋಗುತ್ತೆ, ನೀವು ಎಲ್ಲಿ ಕೇಳಬೇಕು

ಏಪ್ರಿಲ್ ಬಂತು ಅಂದ್ರೆ ನಮ್ಮಪ್ಪ ದಾವಣಗೆರೆಯ ಮನೆ ಕಂದಾಯ ಕಟ್ಟಿ ಬರುತ್ತಾರೆ. ಆ ತಿಂಗಳೊಳಗೆ ಕಟ್ಟಿದರೆ 5% ರಿಯಾಯಿತಿ. ಒಂದು ವರ್ಷವೂ ಅದನ್ನು ಬಿಟ್ಟವರಲ್ಲ. ರಸೀದಿಗಳನ್ನೆಲ್ಲ ಪ್ಲಾಸ್ಟಿಕ್ ಕವರ್‌ಗೆ ಹಾಕಿ, ರಬ್ಬರ್ ಬ್ಯಾಂಡ್ ಸುತ್ತಿ, ಬೀರುವಿನ ಮೇಲಿನ ಖಾನೆಯಲ್ಲಿ ಇಡುತ್ತಾರೆ. ನಾಲ್ಕು ವರ್ಷದ ಹಿಂದೆ ವಿದ್ಯಾನಗರದ ಮನೆಗೆ ಹೋದಾಗ ಆ ಕಟ್ಟು ಬಿಚ್ಚುತ್ತಾ ಕೇಳಿದರು: "ಅಲ್ಲಿ ನಿಮ್ಮ ಮನೆಗೆ ಕಂದಾಯ ಎಷ್ಟಪ್ಪಾ?" ವರ್ಷಕ್ಕೆ ಎಂಟು ಸಾವಿರ ಡಾಲರ್ ಹತ್ತಿರ ಅಂದೆ. ಮನಸ್ಸಲ್ಲೇ ರೂಪಾಯಿ ಲೆಕ್ಕ ಹಾಕಿದರು. ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, "ಅಷ್ಟು ರೊಕ್ಕ ತಗಂಡು ಏನ್ ಮಾಡ್ತಾರೆ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಡಲ್ಲಾಸ್ ಹತ್ತಿರದ ಊರಲ್ಲಿ ಮನೆ ತಗೊಂಡು ವರ್ಷಗಳಾಗಿದ್ದವು. ಬಿಲ್ಲನ್ನು ಒಂದು ಸಲವೂ ಕೂತು ಓದಿರಲಿಲ್ಲ. ವಾಪಸ್ ಹೋದ ಮೇಲೆ ಓದಿದೆ. ನಮ್ಮ ಕಡೆಯಿಂದ, ದಾವಣಗೆರೆ ಚಿತ್ರದುರ್ಗದಿಂದ, ಈಗ ಬಹಳ ಹುಡುಗರು ಅಲ್ಲಿ ಮನೆ ತಗೊಳ್ತಿದ್ದಾರೆ. ಅವರಿಗೆ ಉಪಯೋಗ ಆಗಲಿ ಅಂತ ಇದನ್ನು ಬರೆಯುತ್ತಿದ್ದೇನೆ.

ಮೊದಲು ಬಿಲ್ಲನ್ನೇ ನೋಡೋಣ. ಅಪ್ಪನ ರಸೀದಿಯಲ್ಲಿ ತೆರಿಗೆಯ ಕೆಳಗೆ ಆರೋಗ್ಯ ಕರ, ಗ್ರಂಥಾಲಯ ಕರ, ಭಿಕ್ಷುಕರ ಕರ ಅಂತ ಸಾಲುಗಳಿರುತ್ತವೆ. ಸಾಲು ಎಷ್ಟೇ ಇದ್ದರೂ ವಸೂಲಿ ಮಾಡುವುದು ಪಾಲಿಕೆ ಒಂದೇ. ಟೆಕ್ಸಸ್ ಬಿಲ್ಲಿನಲ್ಲೂ ನಾಲ್ಕೈದು ಸಾಲು ಇರುತ್ತವೆ. ಆದರೆ ಅಲ್ಲಿ ಒಂದೊಂದು ಸಾಲು ಒಂದೊಂದು ಬೇರೆ ಸರ್ಕಾರ. ಕೌಂಟಿ (ನಮ್ಮ ಜಿಲ್ಲೆ ಇದ್ದ ಹಾಗೆ) ಒಂದು, ಸಿಟಿ ಒಂದು, ಸ್ಕೂಲ್ ಡಿಸ್ಟ್ರಿಕ್ಟ್ ಒಂದು, ಕಮ್ಯುನಿಟಿ ಕಾಲೇಜ್ ಒಂದು. ಪ್ರತಿಯೊಂದಕ್ಕೂ ಜನ ಆರಿಸಿದ ಮಂಡಳಿ ಇರುತ್ತೆ, ಸ್ವಂತ ಬಜೆಟ್ ಇರುತ್ತೆ. ತನ್ನ ದರವನ್ನು ತಾನೇ ತೀರ್ಮಾನಿಸುತ್ತೆ. 100 ಡಾಲರ್ ಬೆಲೆಗೆ ಇಷ್ಟು ಸೆಂಟ್ ಅನ್ನುವುದೇ ಆ ದರ.

ಇದರಲ್ಲಿ ದೊಡ್ಡ ಪಾಲು ಶಾಲೆಯದು, ಬಿಲ್ಲಿನ ಹೆಚ್ಚುಕಡಿಮೆ ಅರ್ಧ. ನಮ್ಮಲ್ಲಿ ಸರ್ಕಾರಿ ಶಾಲೆಯ ಮೇಷ್ಟ್ರ ಸಂಬಳ ಬೆಂಗಳೂರಿನಿಂದ ಬರುತ್ತೆ. ಅಲ್ಲಿ ಬಿಇಒ ಕಚೇರಿಯೇ ಮನೆಮನೆಗೆ ಕಂದಾಯ ಹಾಕಿದ ಹಾಗೆ ಅಂದುಕೊಳ್ಳಿ. ರಾಜ್ಯದ ದುಡ್ಡೂ ಸೇರುತ್ತೆ, ಆದರೆ ಊರಿನವರ ಕಂದಾಯ ಇಲ್ಲದೆ ಶಾಲೆ ನಡೆಯಲ್ಲ. ಮನೆಗಳ ಬೆಲೆ ಜಾಸ್ತಿ ಇರುವ ಡಿಸ್ಟ್ರಿಕ್ಟ್‌ಗಳು ಮಿತಿ ಮೀರಿ ಬಂದ ದುಡ್ಡಲ್ಲಿ ಒಂದು ಭಾಗವನ್ನು ರಾಜ್ಯಕ್ಕೆ ಕೊಡಬೇಕು. ಬಡ ಡಿಸ್ಟ್ರಿಕ್ಟ್‌ಗಳಿಗೆ ಸಹಾಯ ಆಗಲಿ ಅಂತ 1993ರಲ್ಲಿ ಮಾಡಿದ ಕಾನೂನು ಅದು. ಶ್ರೀಮಂತರಿಂದ ಕಿತ್ತು ಬಡವರಿಗೆ ಹಂಚುತ್ತಿದ್ದ ಕಥೆಯ ನಾಯಕನ ಹೆಸರಲ್ಲಿ ಅಲ್ಲಿನ ಜನ ಅದನ್ನು ರಾಬಿನ್ ಹುಡ್ ಅಂತಾರೆ. ನನಗೆ ಅದು ನ್ಯಾಯ ಅನ್ನಿಸುತ್ತೆ. ಜಗಳೂರಿನ ಮಗುವಿಗೂ ದಾವಣಗೆರೆಯ ಮಗುವಿಗೂ ಒಂದೇ ಥರದ ಶಾಲೆ ಸಿಗಬೇಕು, ಅಲ್ವಾ?

ಕಂದಾಯ ಇಷ್ಟು ಜಾಸ್ತಿ ಯಾಕೆ ಅಂದ್ರೆ, ಟೆಕ್ಸಸ್‌ನಲ್ಲಿ ಸಂಬಳದ ಮೇಲೆ ರಾಜ್ಯದ ಆದಾಯ ತೆರಿಗೆ ಇಲ್ಲ. ರಾಜ್ಯ ಮುಖ್ಯವಾಗಿ ಸೇಲ್ಸ್ ಟ್ಯಾಕ್ಸ್ ಮೇಲೆ ನಡೆಯುತ್ತೆ. 6.25% ರಾಜ್ಯಕ್ಕೆ, ಅದರ ಮೇಲೆ ಊರಿನ ಪಾಲು 2%ವರೆಗೆ. ರಾಜ್ಯದ ಬಜೆಟ್ ಎರಡು ವರ್ಷಕ್ಕೊಮ್ಮೆ. ಖರ್ಚಿಗೆ ಸಾಕಾಗುವಷ್ಟು ವರಮಾನ ಬರುತ್ತೆ ಅಂತ ಕಂಪ್ಟ್ರೋಲರ್, ಅಂದ್ರೆ ರಾಜ್ಯದ ಹಣಕಾಸು ಲೆಕ್ಕದ ಮುಖ್ಯಾಧಿಕಾರಿ, ದೃಢಪಡಿಸದೆ ಅದು ಸಾಮಾನ್ಯವಾಗಿ ಜಾರಿಗೆ ಬರಲ್ಲ. ನಮ್ಮಲ್ಲಿ ರಾಜ್ಯ ಬಜೆಟ್‌ನಲ್ಲಿ 3%ವರೆಗಿನ ಕೊರತೆ ಮಾಮೂಲು. ಅಮೆರಿಕದಲ್ಲಿ ವರ್ಮಾಂಟ್ ಬಿಟ್ಟು ಉಳಿದೆಲ್ಲ ರಾಜ್ಯಗಳಿಗೂ ಖರ್ಚು ವರಮಾನ ಸರಿತೂಗಬೇಕು ಅನ್ನುವ ಒಂದಲ್ಲ ಒಂದು ನಿಯಮ ಇದೆ. ಕ್ಯಾಲಿಫೋರ್ನಿಯಾದ ಕಂದಾಯದ ಲೆಕ್ಕವೇ ಬೇರೆ. 1978ರಲ್ಲಿ ಜನರೇ ವೋಟು ಹಾಕಿ ತಂದ ಪ್ರೊಪೊಸಿಷನ್ 13 ಅನ್ನುವ ನಿಯಮದಿಂದ ಮೂಲ ತೆರಿಗೆ 1%, ಮನೆ ಕೈ ಬದಲಾಗುವವರೆಗೆ ತೆರಿಗೆಗೆ ಹಿಡಿಯುವ ಬೆಲೆ ಸಾಮಾನ್ಯವಾಗಿ ವರ್ಷಕ್ಕೆ 2%ಗಿಂತ ಜಾಸ್ತಿ ಏರುವ ಹಾಗಿಲ್ಲ. ನಾನು ಬರೆಯುತ್ತಿರುವುದು ಟೆಕ್ಸಸ್ ಬಗ್ಗೆ ಮಾತ್ರ.

ಈಗ ನಮ್ಮ ಹುಡುಗರು ತಪ್ಪುವ ಜಾಗಕ್ಕೆ ಬರೋಣ. ಅದು ಹೋಮ್‌ಸ್ಟೆಡ್ ವಿನಾಯಿತಿ. ನೀವೇ ವಾಸ ಇರುವ ಸ್ವಂತ ಮನೆ ಆದರೆ ಶಾಲೆ ತೆರಿಗೆಯ ಲೆಕ್ಕದಲ್ಲಿ ಬೆಲೆಯಿಂದ 1,40,000 ಡಾಲರ್ ಕಳೆಯುತ್ತಾರೆ. 2023ರಲ್ಲಿ 40 ಸಾವಿರದಿಂದ 1 ಲಕ್ಷಕ್ಕೆ ಏರಿತ್ತು. 2025ರ ನವೆಂಬರ್‌ನಲ್ಲಿ ಮತದಾರರು ಇನ್ನೂ ಏರಿಸಿದರು. ಮನೆ ಬೆಲೆ 5 ಲಕ್ಷ, ಶಾಲೆ ದರ 100ಕ್ಕೆ 1 ಡಾಲರ್ ಅಂತ ಇಟ್ಟುಕೊಳ್ಳಿ. ವಿನಾಯಿತಿ ಇಲ್ಲದಿದ್ದರೆ 5,000 ಡಾಲರ್, ಇದ್ದರೆ 3,600. ಜೊತೆಗೆ ಇನ್ನೊಂದು ಲಾಭ. ವಿನಾಯಿತಿ ಸಿಕ್ಕ ಮುಂದಿನ ವರ್ಷದಿಂದ ತೆರಿಗೆಗೆ ಹಿಡಿಯುವ ಬೆಲೆ ವರ್ಷಕ್ಕೆ 10%ಗಿಂತ ಜಾಸ್ತಿ ಏರಲ್ಲ.

ಇದಕ್ಕೆ ಸಿಟಿಜನ್ ಆಗಿರಬೇಕಿಲ್ಲ. ಎಚ್‌-1ಬಿ ವೀಸಾದಲ್ಲಿ ಇದ್ದರೂ ಸಿಗುತ್ತೆ. ಡ್ರೈವಿಂಗ್ ಲೈಸೆನ್ಸ್‌ನಲ್ಲಿ ಆ ಮನೆಯ ವಿಳಾಸ ಇರಬೇಕು ಅಷ್ಟೇ. ಹಳೇ ಅಪಾರ್ಟ್‌ಮೆಂಟ್ ವಿಳಾಸ ಬದಲಾಯಿಸದೆ ಅರ್ಜಿ ಹಾಕಿ ವಾಪಸ್ ಬಂದವರನ್ನು ನೋಡಿದ್ದೇನೆ. ಅರ್ಜಿ ಹಾಕುವುದು ನಿಮ್ಮ ಕೌಂಟಿಯ ಅಪ್ರೈಸಲ್ ಡಿಸ್ಟ್ರಿಕ್ಟ್‌ಗೆ, ಅಂದ್ರೆ ಮನೆಗಳ ಬೆಲೆ ಹಿಡಿಯುವ ಕಚೇರಿಗೆ, ಪೂರ್ತಿ ಪುಕ್ಕಟೆ. ಮನೆ ತಗೊಂಡ ತಕ್ಷಣ ಸರ್ಕಾರಿ ಕಾಗದದ ಹಾಗೆ ಕಾಣುವ ಪತ್ರಗಳು ಬರುತ್ತವೆ, ನಾವು ಮಾಡಿಸಿಕೊಡುತ್ತೇವೆ, ಫೀಸ್ ಕಳಿಸಿ ಅಂತ. ಕಳಿಸಬೇಡಿ.

ಇನ್ನೊಂದು ಏಟು ನಾನೇ ತಿಂದದ್ದು. ನಮ್ಮದು ಹೊಸದಾಗಿ ಕಟ್ಟಿದ ಮನೆ. ಬೆಲೆ ಹಿಡಿಯುವುದು ಜನವರಿ 1ನೇ ತಾರೀಖು ಜಾಗದಲ್ಲಿ ಏನಿತ್ತೋ ಅದಕ್ಕೆ. ಅವತ್ತು ಬರೀ ಖಾಲಿ ಸೈಟು ಇತ್ತು. ಹಾಗಾಗಿ ಮೊದಲ ವರ್ಷದ ಕಂದಾಯ ಬಹಳ ಕಮ್ಮಿ ಬಂತು. ಸಾಲ ಕೊಟ್ಟವರು ಪ್ರತಿ ತಿಂಗಳ ಕಂತಿನ ಜೊತೆ ಕಂದಾಯದ ದುಡ್ಡನ್ನೂ ಎಸ್ಕ್ರೋ ಖಾತೆಗೆ ತಗೊಳ್ತಾರೆ. ಅವರೂ ಆ ಸೈಟಿನ ಲೆಕ್ಕದಲ್ಲೇ ತಗೊಂಡರು. ಎರಡನೇ ವರ್ಷ ಪೂರ್ತಿ ಮನೆಗೆ ಬಿಲ್ಲು ಬಂತು. ಕಮ್ಮಿ ಬಿದ್ದ ಹಳೇ ದುಡ್ಡು, ಮುಂದಿನ ವರ್ಷದ ದುಡ್ಡು ಎರಡೂ ಸೇರಿ ತಿಂಗಳ ಕಂತು ಒಂದೇ ಸಲಕ್ಕೆ 700 ಡಾಲರ್ ಏರಿತು. ಮಗು ಹುಟ್ಟಿ ಮೂರು ತಿಂಗಳು, ಹೆಂಡತಿಗೆ ಸಂಬಳ ಇಲ್ಲ. ಆ ಚಳಿಗಾಲ ಬಹಳ ಕಷ್ಟ ಪಟ್ಟೆವು. ಹೊಸ ಮನೆ ತಗೊಳ್ಳುವವರು ಪೂರ್ತಿ ಬೆಲೆಗೆ ಕಂದಾಯ ಎಷ್ಟು ಆಗುತ್ತೆ ಅಂತ ನೀವೇ ಲೆಕ್ಕ ಹಾಕಿ, ಮೊದಲ ವರ್ಷ ಉಳಿದದ್ದನ್ನು ತೆಗೆದಿಡಿ.

ಹೊಸ ಲೇಔಟ್‌ಗಳಲ್ಲಿ ಎಂಯುಡಿ ಅನ್ನುವ ಇನ್ನೊಂದು ಸಾಲು ಬಿಲ್ಲಿನಲ್ಲಿ ಇರಬಹುದು. ಊರಿನ ಹೊರಗೆ ಲೇಔಟ್ ಆದಾಗ ನೀರು, ಒಳಚರಂಡಿಗೆ ಸಾಲ ಎತ್ತಿ ಕೆಲಸ ಮಾಡಲು ಇರುವ ಪುಟ್ಟ ಸರ್ಕಾರ ಅದು. ಆ ಸಾಲ ತೀರಿಸುವವರು ಅಲ್ಲಿ ಮನೆ ತಗೊಂಡವರೇ. ನಮ್ಮಲ್ಲಿ ಖಾಸಗಿ ಲೇಔಟ್‌ನಲ್ಲಿ ಸೈಟು ತಗೊಂಡು ಚರಂಡಿಗಾಗಿ ವರ್ಷಗಟ್ಟಲೆ ಅಲೆಯುವವರು ಎಷ್ಟೋ ಮಂದಿ. ಅಲ್ಲಿ ಚರಂಡಿ ಮೊದಲೇ ಬರುತ್ತೆ, ಸಾಲ ನಿಮ್ಮ ಹೆಸರಲ್ಲಿ ಉಳಿಯುತ್ತೆ. ಮನೆ ನೋಡಲು ಹೋದಾಗಲೇ ಎಂಯುಡಿ ದರ ಎಷ್ಟು ಅಂತ ಕೇಳಿ.

ಏಪ್ರಿಲ್ ಹೊತ್ತಿಗೆ ಅಪ್ರೈಸಲ್ ಡಿಸ್ಟ್ರಿಕ್ಟ್‌ನಿಂದ ನಿಮ್ಮ ಮನೆ ಬೆಲೆ ಇಷ್ಟು ಅಂತ ನೋಟಿಸ್ ಬರುತ್ತೆ. ಒಪ್ಪದಿದ್ದರೆ ಮೇ 15 ಅಥವಾ ನೋಟಿಸ್ ಕಳಿಸಿದ 30 ದಿನ, ಯಾವುದು ಕೊನೆಯದೋ ಅದರೊಳಗೆ ತಕರಾರು ಹಾಕಬಹುದು. ಮೊದಲ ಸಲ ನಾನು ಮೂರು ಹಾಳೆ ಹಿಡಿದು ಹೋದೆ. ಪಕ್ಕದ ಬೀದಿಯ ಅಷ್ಟೇ ದೊಡ್ಡ ಐದು ಮನೆಗೆ ಅವರೇ ಹಿಡಿದ ಬೆಲೆ ಒಂದರಲ್ಲಿ, ಗ್ಯಾರೇಜ್ ನೆಲ ಬಿರುಕು ಬಿಟ್ಟ ಫೋಟೋ ಇನ್ನೊಂದರಲ್ಲಿ, ರಿಪೇರಿಗೆ ಕೊಟ್ಟ ಅಂದಾಜು ಮತ್ತೊಂದರಲ್ಲಿ. ಎದುರು ಕೂತ ಹೆಂಗಸು ಒಂದೊಂದೇ ಹಾಳೆ ಸಮಾಧಾನವಾಗಿ ನೋಡಿ, ಹದಿನೈದು ನಿಮಿಷದಲ್ಲಿ 18 ಸಾವಿರ ಡಾಲರ್ ಕಮ್ಮಿ ಮಾಡಿದರು. ಯಾರ ಶಿಫಾರಸೂ ಬೇಕಾಗಲಿಲ್ಲ. ಅಲ್ಲಿ ಒಪ್ಪದಿದ್ದರೆ ಮುಂದೆ ರಿವ್ಯೂ ಬೋರ್ಡ್ ಇದೆ.

ಆದರೆ ಆ ಕಚೇರಿ ಬರೀ ಬೆಲೆ ಹಿಡಿಯುತ್ತೆ. ದರದ ಬಗ್ಗೆ ಅಲ್ಲಿ ಕೂಗಾಡಿ ಪ್ರಯೋಜನ ಇಲ್ಲ. ಅದಕ್ಕೆ ಆಗಸ್ಟ್, ಸೆಪ್ಟೆಂಬರ್‌ನಲ್ಲಿ ನಡೆಯುವ ಬಜೆಟ್ ಸಭೆಗಳಿಗೆ ಹೋಗಬೇಕು. ಬಹಳ ಸಿಟಿಗಳ ಹಣಕಾಸು ವರ್ಷ ಶುರುವಾಗುವುದು ಅಕ್ಟೋಬರ್ 1ಕ್ಕೆ. ಆಗ ಪ್ರಕಟಣೆಯಲ್ಲಿ ಎರಡು ಅಂಕಿ ಹುಡುಕಿ. ಹೊಸ ದರ ಎಷ್ಟು, ಹೋದ ವರ್ಷದಷ್ಟೇ ದುಡ್ಡು ಎತ್ತಲು ಎಷ್ಟು ದರ ಸಾಕಿತ್ತು. ಮನೆ ಬೆಲೆಗಳು ಏರಿದಾಗ ದರ ಇಳಿಸಿದೆವು ಅಂತ ಹೇಳಿಯೂ ಜಾಸ್ತಿ ದುಡ್ಡು ತಗೊಳ್ಳಬಹುದು. ಈ ಎರಡನೇ ಅಂಕಿ ಅದನ್ನು ತೋರಿಸುತ್ತೆ. 2019ರ ಕಾನೂನಿನ ಪ್ರಕಾರ ಸಿಟಿ, ಕೌಂಟಿಗಳು ದಿನನಿತ್ಯದ ಖರ್ಚಿಗೆ ಎತ್ತುವ ಕಂದಾಯದ ದುಡ್ಡನ್ನು 3.5%ಗಿಂತ ಜಾಸ್ತಿ ಏರಿಸಬೇಕಾದರೆ ಸಾಮಾನ್ಯವಾಗಿ ಜನರ ವೋಟು ಕೇಳಬೇಕು.

ಸಭೆಯಲ್ಲಿ ಯಾರು ಬೇಕಾದರೂ ಮಾತಾಡಬಹುದು. ಹೆಸರು ಬರೆಸಿ, ಸರದಿ ಬಂದಾಗ ಎದ್ದು ನಿಂತು ಹೇಳುವುದು. ಸಾಮಾನ್ಯವಾಗಿ ಮೂರು ನಿಮಿಷ ಕೊಡುತ್ತಾರೆ. ವೀಸಾ ಯಾವುದು ಅಂತ ಯಾರೂ ಕೇಳಲ್ಲ. ನಮ್ಮವರು ಎಂಜಿನಿಯರ್‌ಗಳು, ಲೆಕ್ಕ ಬಲ್ಲವರು, ಇಷ್ಟು ಕಂದಾಯ ಕಟ್ಟುವವರು. ಆದರೂ ಆ ಕುರ್ಚಿಗಳಲ್ಲಿ ನಮ್ಮ ಮುಖ ಕಾಣದಿದ್ದಾಗ ನನಗೆ ನೋವಾಗುತ್ತೆ. ದಯವಿಟ್ಟು ಹೋಗಿ.

ವೋಟಿನ ವಿಷಯ ಮಾತ್ರ ಎಚ್ಚರ. ಹೊಸ ಶಾಲೆ ಕಟ್ಟಲು ಸಾಲ ಎತ್ತಬೇಕಾದರೆ ಬಾಂಡ್ ಚುನಾವಣೆ ನಡೆಯುತ್ತೆ. ಶಾಲೆಯ ಬಾಂಡ್ ಆದರೆ ಇದು ತೆರಿಗೆ ಏರಿಕೆ ಅಂತ ಮತಪತ್ರದಲ್ಲೇ ಬರೆದಿರಬೇಕು. ಅದರಲ್ಲಿ ಸಿಟಿಜನ್‌ಗಳಿಗೆ ಮಾತ್ರ ವೋಟು. ಲೈಸೆನ್ಸ್ ಮಾಡಿಸುವಾಗ ಮತದಾರರಾಗಿ ನೋಂದಾಯಿಸಬೇಕಾ ಅಂತ ಫಾರಂನಲ್ಲಿ ಕೇಳುತ್ತಾರೆ. ಸಿಟಿಜನ್ ಅಲ್ಲದವರು, ಗ್ರೀನ್ ಕಾರ್ಡ್ ಇದ್ದವರೂ ಸೇರಿ, ನೋಂದಣಿ ಬೇಡ ಅಂತಲೇ ಹೇಳಿ. ಅಲ್ಲಿ ಸುಳ್ಳಾಗಿ ಸಿಟಿಜನ್ ಅಂತ ಗುರುತು ಹಾಕಿದರೆ ದೇಶ ಬಿಟ್ಟು ಕಳಿಸುವವರೆಗೂ ಹೋಗಬಹುದು.

ಬಾಂಡ್ ಅಂದ್ರೆ ನಮಗೆ ಹೊಸದೇನಲ್ಲ. ಬೆಂಗಳೂರು ಪಾಲಿಕೆ 1997ರಲ್ಲೇ 125 ಕೋಟಿ ರೂಪಾಯಿಯ ಬಾಂಡ್ ತಂದಿತ್ತು. ಆದರೆ ದಾವಣಗೆರೆಯಂಥ ಊರಿಗೆ ದೊಡ್ಡ ದುಡ್ಡು ಬರುವುದು ಅನುದಾನವಾಗಿ. 2016ರ ಜನವರಿಯಲ್ಲಿ ಮೊದಲ 20 ಸ್ಮಾರ್ಟ್ ಸಿಟಿಗಳ ಪಟ್ಟಿಯಲ್ಲಿ ನಮ್ಮ ಊರಿತ್ತು. ಆ ದುಡ್ಡು ಬಂದದ್ದು ದಿಲ್ಲಿಯಿಂದ ಮತ್ತು ಬೆಂಗಳೂರಿನಿಂದ. ಅಲ್ಲಿ ಊರು ಸಾಲ ಮಾಡಿದರೆ ಊರೇ ತೀರಿಸಬೇಕು. ಆಗದಿದ್ದರೆ ಡೆಟ್ರಾಯಿಟ್ ಆಗುತ್ತೆ. 2013ರ ಜುಲೈನಲ್ಲಿ ಆ ನಗರ ಸುಮಾರು 18 ಬಿಲಿಯನ್ ಡಾಲರ್ ಹೊರೆ ಹೊತ್ತು ದಿವಾಳಿ ಅರ್ಜಿ ಹಾಕಿತು. ಕೊನೆಗೆ ನಿವೃತ್ತ ನೌಕರರ ಪಿಂಚಣಿಗೂ ಕತ್ತರಿ ಬಿತ್ತು.

ಹಾಗಾಗಿ ಮನೆ ತಗೊಳ್ಳುವ ಮುಂಚೆ ಆ ಸಿಟಿಯ ವಾರ್ಷಿಕ ಹಣಕಾಸು ವರದಿ ನೋಡಿ. ವೆಬ್‌ಸೈಟ್‌ನಲ್ಲೇ ಇರುತ್ತೆ. ಸಿಗದಿದ್ದರೆ ಇಮೇಲ್‌ನಲ್ಲಿ ಕೇಳಿ. ನಮ್ಮ ಮಾಹಿತಿ ಹಕ್ಕಿನ ಹಾಗೆ ಟೆಕ್ಸಸ್‌ನಲ್ಲೂ ಕಾನೂನು ಇದೆ, ಅದಕ್ಕೂ ಸಿಟಿಜನ್ ಆಗಿರಬೇಕಿಲ್ಲ. ನೂರಾರು ಪುಟ ಇದೆ ಅಂತ ಹೆದರಬೇಡಿ. ಕೊನೆಯ ಭಾಗದಲ್ಲಿ ಹತ್ತು ವರ್ಷದ ಕೋಷ್ಟಕಗಳಿರುತ್ತವೆ. ತಲಾ ಸಾಲ ಎಷ್ಟಿದೆ, ಹತ್ತು ವರ್ಷದಲ್ಲಿ ಎಷ್ಟು ಏರಿದೆ, ಊರಿನ ದೊಡ್ಡ ತೆರಿಗೆದಾರರು ಯಾರು ಅಂತ ನೋಡಿ. ಆಮೇಲೆ ಪಿಂಚಣಿಗೆ ಬೇಕಾದ ದುಡ್ಡಲ್ಲಿ ಎಷ್ಟು ಪಾಲು ಈಗಾಗಲೇ ತೆಗೆದಿಟ್ಟಿದ್ದಾರೆ ಅನ್ನುವ ಪುಟ. ನಾನು ಆ ಕೋಷ್ಟಕಗಳನ್ನು ಪ್ರಿಂಟ್ ತೆಗೆದು ಹೋದ ಡಿಸೆಂಬರ್‌ನಲ್ಲಿ ಅಪ್ಪನಿಗೆ ಕೊಟ್ಟೆ. ಕನ್ನಡಕ ಹಾಕಿಕೊಂಡು, ಪೆನ್ನು ಹಿಡಿದು, ಪ್ರತಿ ಸಾಲಿನ ಪಕ್ಕ ಇದು ಏನು, ಇದು ಏನು ಅಂತ ಕೇಳಿ ಕನ್ನಡದಲ್ಲಿ ಬರೆದುಕೊಂಡರು. ಈಗ ಅದೂ ಆ ಪ್ಲಾಸ್ಟಿಕ್ ಕವರ್‌ನಲ್ಲೇ ಇದೆ.