ಈಶ್ವರಿ ಬಳ್ಳಿಯೂ ಬರ್ಡ್‌ವಿಂಗ್ ಚಿಟ್ಟೆಯೂ: ನನ್ನ ಅನುಭವ

ನಮ್ಮ ರಾಜ್ಯದ ಚಿಟ್ಟೆಯಾದ ಸದರ್ನ್ ಬರ್ಡ್‌ವಿಂಗ್ ತೀರ್ಥಹಳ್ಳಿ ಕಡೆಯ ನಮ್ಮ ಅಡಿಕೆ ತೋಟಕ್ಕೆ ಹೊಸದೇನಲ್ಲ. ಬೆಳಗಿನ ಹೊತ್ತು ಮರಗಳ ತುದಿಯಲ್ಲಿ ತೇಲಿಬಂದು, ರಥಹೂವಿನ ಗೊಂಚಲಲ್ಲಿ ಮಕರಂದ ಹೀರಿ ಹೊರಟುಹೋಗುತ್ತಿತ್ತು. ಅದು ಇಲ್ಲಿಯೇ ಮೊಟ್ಟೆಯಿಡಬೇಕಾದರೆ ಹೂಗಿಡಗಳಷ್ಟೇ ಸಾಲವು, ಮರಿಹುಳುವಿಗೆ ಈಶ್ವರಿ ಬಳ್ಳಿ ಬೇಕು. ಆದ್ದರಿಂದ ಬೇಲಿಯುದ್ದಕ್ಕೂ ಅದನ್ನೇ ಹಬ್ಬಿಸಿದೆ.

ಇದೇ ಕುಟುಂಬದ, ದೊಡ್ಡ ಹೂವಿನ ದಕ್ಷಿಣ ಅಮೆರಿಕದ ಬಳ್ಳಿಗಳು ನರ್ಸರಿಗಳಲ್ಲಿ ಸಿಗುತ್ತವೆಯಾದರೂ ಅವನ್ನು ಬೇಕೆಂದೇ ತರಲಿಲ್ಲ. ಆಸ್ಟ್ರೇಲಿಯಾದ ರಿಚ್‌ಮಂಡ್ ಬರ್ಡ್‌ವಿಂಗ್ ಅಂಥದೊಂದು ಬಳ್ಳಿಗೆ ಮೋಸಹೋಗಿ ಮೊಟ್ಟೆಯಿಡುವುದೂ, ಅದರ ಎಲೆ ತಿಂದ ಮರಿಹುಳುಗಳು ಸಾಯುವುದೂ ಅಲ್ಲಿನವರಿಗೆ ಚೆನ್ನಾಗಿ ತಿಳಿದಿರುವ ಸಂಗತಿ.

ಹೆಣ್ಣು ಚಿಟ್ಟೆ ಮೊಟ್ಟೆಗಳನ್ನು ಗುಂಪಾಗಿಡದೆ ಒಂದೊಂದಾಗಿ ಇಡುತ್ತದೆ. ಹೊರಬಂದ ಮರಿ ಮೊದಲು ಮೊಟ್ಟೆಯ ಸಿಪ್ಪೆಯನ್ನೇ ತಿಂದು, ಅನಂತರ ಎಳೆಯ ಎಲೆಗೆ ಹೋಗುತ್ತದೆ. ಬೆಳೆದ ಹುಳುವಿನ ಮೈ ಕಡುಗೆಂಪು ಛಾಯೆಯ ಕಪ್ಪು. ಮೈತುಂಬ ಮೆದುವಾದ ಮುಳ್ಳಿನಂಥ ಉಬ್ಬುಗಳು, ನಡುವೆ ಓರೆಯಾದ ಬಿಳಿ ಪಟ್ಟಿ. ಮುಟ್ಟಿದರೆ ತಲೆಯ ಹಿಂದಿನಿಂದ ಕವಲೊಡೆದ ಅಂಗವೊಂದನ್ನು ಹೊರಚಾಚಿ ಕೆಟ್ಟ ವಾಸನೆ ಬಿಡುತ್ತದೆ. ಬಳ್ಳಿಯಲ್ಲಿರುವ ಅರಿಸ್ಟೊಲೋಕಿಕ್ ಆಮ್ಲ ಹುಳುವಿನ ಮೈಯಲ್ಲಿ ಉಳಿದು ಚಿಟ್ಟೆಗೂ ದಾಟುವುದರಿಂದ ಹಕ್ಕಿಗಳಿಗೆ ಅದು ರುಚಿಸುವುದಿಲ್ಲ.

ಇದರ ಹಸಿವು ಮಾತ್ರ ಸಣ್ಣದಲ್ಲ. ಎಲೆ ಮುಗಿದ ಮೇಲೆ ಎಳೆಯ ಕಾಂಡವನ್ನೂ ಕಡಿಯುವುದರಿಂದ ಅದರ ಮೇಲಿನ ಬಳ್ಳಿಯೆಲ್ಲ ಒಣಗುತ್ತದೆ. ಸಾಲದ್ದಕ್ಕೆ ಕ್ರಿಮ್ಸನ್ ರೋಸ್ ಮತ್ತು ಕಾಮನ್ ರೋಸ್ ಚಿಟ್ಟೆಗಳ ಹುಳುಗಳೂ ಇದೇ ಬಳ್ಳಿಗೆ ಪಾಲುದಾರರು. ಒಂದೆರಡು ಬಳ್ಳಿ ನೆಟ್ಟು ಚಿಟ್ಟೆಗಾಗಿ ಕಾಯುವುದು ವ್ಯರ್ಥವೆಂದೇ ನನ್ನ ಅಭಿಪ್ರಾಯ. ಬೇರು ಗಟ್ಟಿಯಾಗಿದ್ದರೆ ಬೋಳಾದ ಬಳ್ಳಿ ಮತ್ತೆ ಚಿಗುರುತ್ತದೆ, ಆದರೆ ಅಷ್ಟರವರೆಗೆ ಹುಳುಗಳಿಗೆ ಬೇರೆ ಬಳ್ಳಿ ಇರಬೇಕು.

ಇದು ದೇಶದ ಅತಿ ದೊಡ್ಡ ಚಿಟ್ಟೆಯೆಂದು ಊರಿನಲ್ಲಿ ಈಗಲೂ ಹೇಳುವುದುಂಟು. 1932ರಲ್ಲಿ ದಾಖಲಾದ 190 ಮಿಲಿಮೀಟರ್ ರೆಕ್ಕೆಯಗಲವನ್ನು ಹಿಮಾಲಯದ ಗೋಲ್ಡನ್ ಬರ್ಡ್‌ವಿಂಗ್‌ನ 194 ಮಿಲಿಮೀಟರ್ ಹಿಂದಿಕ್ಕಿದ್ದು 2020ರಲ್ಲಿ ಪ್ರಕಟವಾಯಿತು. ನಾಲ್ಕು ಮಿಲಿಮೀಟರಿಗಾಗಿ ನಾನು ಯಾರೊಡನೆಯೂ ವಾದಕ್ಕಿಳಿದಿಲ್ಲ.

ಕೋಶ ಕಟ್ಟುವ ಹುಳು ಬಳ್ಳಿಯನ್ನು ಬಿಟ್ಟು ಪಕ್ಕದ ಗಿಡಕ್ಕೂ ಹೋಗುತ್ತದೆ. ರೇಷ್ಮೆ ಎಳೆಯ ಪಟ್ಟಿಯಲ್ಲಿ ಆತುಕೊಂಡ ಆ ಕೋಶ ಒಣಗಿದ ಎಲೆಯಂತೆ ಕಾಣುವುದರಿಂದ ಕೆಲಸದವರ ಕಣ್ಣಿಗೆ ಬೀಳುವುದಿಲ್ಲ. ಅಲುಗಿಸಿದಾಗ ಬುಸ್ಸೆನ್ನುವ ಸದ್ದಿನಿಂದಲೇ ಕೆಲವೊಮ್ಮೆ ಗೊತ್ತಾಗುತ್ತದೆ. ಚಿಟ್ಟೆ ಹೊರಬರಲು ಸುಮಾರು ಮೂರು ವಾರ ಬೇಕಾದ್ದರಿಂದ, ಹುಳುಗಳು ಕಾಣೆಯಾದ ಮೇಲೆ ಒಂದು ತಿಂಗಳು ಆ ಬೇಲಿಯ ಬದಿಯಲ್ಲಿ ಕತ್ತಿ ಆಡಿಸಬಾರದೆಂದು ಹೇಳಿಟ್ಟಿದ್ದೇನೆ.